ಸುಳ್ಳು ಹಿಡಿಯುವ ಕಂಬಳಿ

ನಮ್ಮ ಮನೆಯಲ್ಲಿ ನನ್ನನ್ನು ಅನುಮಾನದ ಪಿಶಾಚಿ ಎನ್ನುತ್ತಿದ್ದರು. ಹಾಲು ಕೊಟ್ಟರೆ ನೀರು ಬೆರೆಸಿದ್ದೀರಾ ಎನ್ನುತ್ತಿದ್ದೆ, ಕಥೆ ಹೇಳಿದರೆ ಸಾಕ್ಷಿ ಕೇಳುತ್ತಿದ್ದೆ. ಅಮರಾಪುರದ ಕಡೆಯ ನಮ್ಮೂರಿನಲ್ಲಿ ಅಜ್ಜಿಯ ಕಂಬಳಿಯನ್ನು ನಂಬದವಳು ನಾನೊಬ್ಬಳೇ ಇರಬೇಕು.

ಅಜ್ಜಿಯ ಪ್ರಕಾರ ಏಳು ಹಳ್ಳ ದಾಟಿದರೆ ಒಂದು ರಾಜ್ಯ. ಅಲ್ಲಿಯ ಕುರಿಗಳು ಬೆಳದಿಂಗಳು ಮೇಯುತ್ತವಂತೆ. ಆ ಉಣ್ಣೆಯ ಕಂಬಳಿಯ ಮೇಲೆ ಕೂತು ಸುಳ್ಳು ಹೇಳಿದರೆ ಅದು ಗಪ್ಪನೆ ಹಿಡಿದುಕೊಳ್ಳುತ್ತದಂತೆ. ರಾಜನೂ ಪಟ್ಟವೇರುವ ಮುನ್ನ ಅದರ ಮೇಲೆ ಕೂರಬೇಕು. ಹಾಗಾಗಿ ಅಲ್ಲಿ ಬಾಗಿಲಿಗೆ ಅಗುಳಿಯಿಲ್ಲ, ಪೊಲೀಸರಿಲ್ಲ, ಕೋರ್ಟಿಲ್ಲ. ನಮ್ಮ ಅಟ್ಟದ ಮೇಲಿದ್ದ ಕರಿ ಕಂಬಳಿ ಅಲ್ಲಿಂದ ಯಾರೋ ಕುರಿಗಾಹಿ ಕದ್ದು ತಂದದ್ದು.

“ಕದ್ದೋನ್ನ ಅದ್ಯಾಕಜ್ಜಿ ಹಿಡೀಲಿಲ್ಲ?” ಎಂದಿದ್ದೆ.

“ಅವ್ನು ಹೊದ್ಕಂಡಿದ್ದ ಕಣೆ, ಕುಂತಿರ್ಲಿಲ್ಲ” ಎಂದಳು. ಅಜ್ಜಿ ಮಾತಿನಲ್ಲಿ ಸಿಕ್ಕಿಬೀಳುವವಳಲ್ಲ.

ಊರಿನವರು ಪೆನುಕೊಂಡದ ಕೋರ್ಟಿಗೆ ಅಲೆಯುವ ಬದಲು ನಮ್ಮ ಮನೆಗೆ ಬರುತ್ತಿದ್ದರು. ಅಜ್ಜಿ ಕಂಬಳಿ ಹಾಸಿ, ಆಪಾದನೆ ಹೊತ್ತವರನ್ನು ಕೂರಿಸಿ, ಕದ್ದಿಲ್ಲವೆಂದು ಬಾಯಿಬಿಟ್ಟು ಹೇಳಿಸಿ, ಆ ರಾಜ್ಯದ ಕಥೆಯನ್ನು ಮೊದಲಿನಿಂದ ಕೊನೆಯವರೆಗೆ ಹೇಳುವಳು. ಕಥೆ ಮುಗಿದಾಗ ಸಲೀಸಾಗಿ ಎದ್ದವರು ಸಾಚಾ. ಬಟ್ಟೆ ಅಂಟಿಕೊಂಡರೆ ಕಳ್ಳರು.

ನನಗೆ ಅನುಮಾನವಿದ್ದದ್ದು ಗಂಜಿಯ ಮೇಲೆ. ಮಳೆನೀರು ಇಳಿಯದಿರಲೆಂದು ಕಂಬಳಿಗೆ ಹುಣಿಸೆಬೀಜದ ಗಂಜಿ ಬಳಿಯುವುದು ನಮ್ಮ ಕಡೆ ವಾಡಿಕೆ. ಅಜ್ಜಿ ಈ ಕಂಬಳಿಗೆ ಮಾತ್ರ ಶಕ್ತಿ ಇಳಿಯಬಾರದೆಂದು ಪದರದ ಮೇಲೆ ಪದರ ಬಳಿಯುತ್ತಿದ್ದಳು. ಹುಣಿಸೆಬೀಜದ ಗಂಜಿಗೆ ಬೆವರು ತಾಗಿದರೆ ಅಂಟದೆ ಇರುತ್ತದೆಯೇ? ಹೆದರಿದವರು ಬೆವರುತ್ತಾರೆ. ಇದನ್ನು ಹೇಳಿದಾಗಲೆಲ್ಲ ನನಗೆ ಬೈಗುಳವೇ ಸಿಕ್ಕಿದ್ದು.

ಆ ಬೇಸಿಗೆಯಲ್ಲಿ ಅವ್ವನ ಒಂದು ಕಿವಿಯ ವಾಲೆ ಕಾಣೆಯಾಯಿತು. ಅಣ್ಣನ ಹೆಂಡತಿ ಮನೆಗೆ ಬಂದು ಇನ್ನೂ ವರ್ಷ ತುಂಬಿರಲಿಲ್ಲ. ರಾಯದುರ್ಗದ ನೇಕಾರರ ಪೇಟೆಯಲ್ಲಿ ಬೆಳೆದವಳು. ಅವಳ ಮಾತೇ ನಮಗೆ ಬೇರೆಯಾಗಿ ಕೇಳುತ್ತಿತ್ತು. ಅಷ್ಟು ಸಾಕಾಯಿತು. ಕಂಬಳಿ ಹಿಡಿದರೆ ಗಾಡಿ ಕಟ್ಟಿ ತವರಿಗೆ ಬಿಟ್ಟುಬರುವುದು, ಮತ್ತೆ ಕರೆಯುವುದಿಲ್ಲ ಎಂದು ಅವ್ವ ತೀರ್ಮಾನಿಸಿದಳು. ಅಣ್ಣ ಕಂಬಕ್ಕೆ ಒರಗಿ ನೆಲ ನೋಡುತ್ತಿದ್ದ. ಅವನ ಮೇಲೆ ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ.

ಕರೆದಾಗ ಅತ್ತಿಗೆ ಬೀಸುಕಲ್ಲಿನ ಮುಂದಿನಿಂದ ಎದ್ದು ಬಂದಳು. ಸೀರೆಯ ಹಿಂದೆ ಮುಂದೆಲ್ಲ ರಾಗಿಹಿಟ್ಟು. ನನ್ನ ಕಣ್ಣು ಅಲ್ಲೇ ನೆಟ್ಟಿತು. ಹಿಟ್ಟಿನ ಗಡಿಗೆ ತುಂಬಿತ್ತು, ಆ ಮಧ್ಯಾಹ್ನ ಬೀಸುವ ಅಗತ್ಯವೇ ಇರಲಿಲ್ಲ. ನೂಲಿಗೆ ಗಂಜಿ ಹಾಕುವ ಮನೆಯ ಮಗಳು. ಒಣಹಿಟ್ಟು ಮೆತ್ತಿದ ಬಟ್ಟೆ ಗಂಜಿಗೆ ಅಂಟುವುದಿಲ್ಲವೆಂದು ಅವಳಿಗೆ ತಿಳಿಯದೇ? ಕದ್ದವಳ ಉಪಾಯವೋ, ಕದಿಯದೆ ಹೆದರಿದವಳ ಉಪಾಯವೋ ನನಗೆ ತಿಳಿಯಲಿಲ್ಲ. ಬಾಯಿ ಮುಚ್ಚಿಕೊಂಡು ನಿಂತೆ.

ಅಜ್ಜಿ ಕಥೆ ಮುಗಿಸಿದಳು. ಅತ್ತಿಗೆ ಸಲೀಸಾಗಿ ಎದ್ದಳು. ಕಂಬಳಿ ಅಲ್ಲಾಡಲಿಲ್ಲ.

ಅಷ್ಟಕ್ಕೆ ಮುಗಿಯಿತೆಂದುಕೊಂಡೆವು. ಅವಳು ಅವ್ವನ ಕಡೆ ತಿರುಗಿ, “ಈಗ ನೀವು ಕುಂದರ್ರಿ ಅತ್ತಿ. ವಾಲಿ ಕಳವಾತು ಅಂದೋರು ನೀವಾ ಅಲ್ರಿ?” ಎಂದಳು.

ಅವ್ವನಿಗೆ ರೇಗಿತು. “ಕುಂತ್ಕಂತೀನಿ, ನನಗೇನು ಭಯ?” ಎಂದು ಒಲೆಯ ಮುಂದೆ ಬೆಂದು ಬೆವೆತಿದ್ದ ಮೈಯಲ್ಲೇ ಕೂತಳು. ಅಜ್ಜಿಗೆ ಮತ್ತೆ ಅಷ್ಟೂ ಕಥೆ ಹೇಳದೆ ಗತಿಯಿರಲಿಲ್ಲ. ಮುಗಿದಾಗ ಅವ್ವ ಏಳಹೋದಳು. ಸೀರೆ ಕಂಬಳಿಯನ್ನೂ ಎಳೆದುಕೊಂಡು ಬಂತು.

“ನನ್ನ ವಾಲೆ ನಾನೇ ಕದ್ಕಂತೀನೇನೆ? ಸುಳ್ಳಲ್ಲ ಕಣೆ ನಾನು ಹೇಳಿದ್ದು!” ಎಂದು ಅವ್ವ ಅತ್ತುಬಿಟ್ಟಳು. ಅವಳು ಹಾಗೆ ಅತ್ತದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ.

ಅತ್ತಿಗೆ ನಗಲಿಲ್ಲ. ಮೊಣಕಾಲೂರಿ ಕೂತು, ಅವ್ವನ ಸೀರೆಯನ್ನು ಕಂಬಳಿಯಿಂದ ಮೆಲ್ಲಗೆ ಬಿಡಿಸುತ್ತ ಅಂದಳು: “ನೀವು ಹೇಳಿದ್ದು ನಿಜಾನ ಅಂತ ನಾ ನಂಬ್ತೀನ್ರಿ. ಇದು ನನ್ನ ಹಿಡಿದಿದ್ರ, ಯಾರು ನಂಬ್ತಿದ್ರಿ?”

ಯಾರೂ ಗಾಡಿ ಕಟ್ಟಲಿಲ್ಲ.

ವಾಲೆ ಸಿಗಲೇ ಇಲ್ಲ. ಅದನ್ನು ಯಾರು ತೆಗೆದರೆಂದು ನಾನು ಮನೆಯ ಒಬ್ಬೊಬ್ಬರನ್ನೂ, ಅತ್ತಿಗೆಯನ್ನೂ ಸೇರಿಸಿ, ಮನಸ್ಸಿನಲ್ಲೇ ಎಷ್ಟೋ ವರ್ಷ ವಿಚಾರಣೆ ಮಾಡಿದ್ದೇನೆ. ಅವ್ವ ಮಾತ್ರ ಬೋಳು ಕಿವಿ ನೋಡಿ ಕೇಳಿದವರಿಗೆಲ್ಲ, ಸೊಸೆ ಪಕ್ಕದಲ್ಲಿದ್ದರೆ ಇನ್ನೂ ಗಟ್ಟಿಯಾಗಿ, “ಬಾವಿ ತಾವ ನಾನೇ ಬೀಳಿಸ್ಕಂಡೆ ಕಣಮ್ಮ” ಎನ್ನುತ್ತಿದ್ದಳು. ವಾಲೆ ಕಾಣೆಯಾದ ದಿನ ಅವ್ವ ಬಾವಿಯ ಕಡೆ ಹೋಗಿಯೇ ಇರಲಿಲ್ಲ.