ಪರದೇಶದ ಸಿಮೆಂಟಿಗೆ ಅಕ್ಕನ ವಿಭೂತಿ

ನನ್ನ ಅಕ್ಕ ಕಾಂಕ್ರೀಟಿಗೆ ವಿಭೂತಿ ಹಚ್ಚಿದ ತಕ್ಷಣ ಗೈಡ್ ಓಡಿ ಬಂದಳು.

'ನೋ, ನೋ, ಪ್ಲೀಸ್' ಅನ್ನುತ್ತಾ ಬಂದವಳು ಅಕ್ಕನ ಕೈ ಹಿಡಿದೇಬಿಟ್ಟಳು. ಅಷ್ಟರಲ್ಲಿ ಬೂದು ಗೋಡೆಯ ಮೇಲೆ ಮೂರು ಬೆಳ್ಳನೆಯ ಪಟ್ಟೆ ಎದ್ದಾಗಿತ್ತು. ಸುತ್ತ ಬೆಟ್ಟ. ಕಣ್ಣು ಹಾಯಿಸಿದಷ್ಟು ದೂರ ಒಂದು ನರಪಿಳ್ಳೆ ಇಲ್ಲ. ನಾನು ಸ್ವಲ್ಪ ಆಚೆ ಬಗ್ಗಿ, ಇಷ್ಟು ದೊಡ್ಡದಕ್ಕೆ ತಳಪಾಯ ಹೇಗೆ ಹಾಕಿರಬಹುದು ಅಂತ ನೋಡುತ್ತಿದ್ದೆ. ತಲೆ ಎತ್ತಿದರೆ ಇಬ್ಬರು ಹೆಂಗಸರು ಒಬ್ಬರ ಕೈ ಒಬ್ಬರು ಹಿಡಿದು ನಿಂತಿದ್ದಾರೆ. ಇವಳ ಭಾಷೆ ಅವಳಿಗೆ ಬಾರದು, ಅವಳದು ಇವಳಿಗೆ ಬಾರದು.

ನಡೆದದ್ದು ಎಲ್ಲಿ ಅಂತ ಮೊದಲು ಹೇಳಿಬಿಡುತ್ತೇನೆ. ಹಿಂದೆ ಯುಗೊಸ್ಲಾವಿಯ ಅಂತ ಒಂದು ಸಮಾಜವಾದಿ ದೇಶವಿತ್ತಲ್ಲ, ಈಗ ಅದು ಒಡೆದು ಹಲವು ದೇಶಗಳಾಗಿದೆ. ಎರಡನೇ ಮಹಾಯುದ್ಧದಲ್ಲಿ ಸತ್ತವರ ನೆನಪಿಗೆ ಆಗಿನ ಸರ್ಕಾರ ಬೆಟ್ಟದ ನೆತ್ತಿಯಲ್ಲಿ, ಕಣಿವೆಗಳಲ್ಲಿ, ಹೊಲಗಳ ನಡುವೆ ಭಾರೀ ಕಾಂಕ್ರೀಟ್ ಸ್ಮಾರಕಗಳನ್ನು ಕಟ್ಟಿಸಿತ್ತು. ಕುದುರೆ ಇಲ್ಲ, ಕತ್ತಿ ಇಲ್ಲ, ಮನುಷ್ಯನ ಮುಖವೇ ಇಲ್ಲ. ಬರೀ ಆಕಾರ. ಫೋನಿನಲ್ಲಿ ಅವುಗಳ ಫೋಟೊ ನೋಡಿದ ದಿನದಿಂದ ನನಗೆ ಒಂಥರಾ ಹುಚ್ಚು ಹಿಡಿದಿತ್ತು. ಜಗಳೂರಿನ ಚೆಕ್ ಡ್ಯಾಮು, ಹೊನ್ನಾಳಿಯ ಮೋರಿ ಅಂತ ಸರ್ವೀಸ್ ಪೂರ್ತಿ ಕಾಂಕ್ರೀಟಿನ ಜೊತೆಯೇ ಕಳೆದವನು ನಾನು. ರಿಟೈರಾದ ಮೇಲೆ ಚನ್ನಗಿರಿಯಲ್ಲಿ ಕೂತು ಈ ಅಂಕಣ ಬರೆಯುತ್ತಿದ್ದೇನೆ, ನಿಮಗೆ ಗೊತ್ತೇ ಇದೆ.

ಹೆಂಡತಿ ಮಾತ್ರ ಖಡಾಖಂಡಿತವಾಗಿ ಹೇಳಿದಳು: 'ಸಿಮೆಂಟು ನೋಡಾಕೆ ವಿಮಾನ ಯಾಕ್ರೀ? ದಾವಣಗೆರೆ ಬೈಪಾಸಿಗೆ ಹೋಗಿ ನಿಂತ್ಕಳ್ರಿ.'

ಅಕ್ಕನನ್ನು ಕರೆದೆ. 'ನಡಿ' ಅಂದಳು.

ಗಿರಿಜಕ್ಕ ನನಗಿಂತ ನಾಲ್ಕು ವರ್ಷ ದೊಡ್ಡವಳು. ನ್ಯಾಮತಿ ಹತ್ತಿರದ ಹಳ್ಳಿಗೆ ಕೊಟ್ಟಿದ್ದು. ಅವಳ ಒಬ್ಬನೇ ಮಗ ಮಂಜು ಸೈನ್ಯದಲ್ಲಿದ್ದ. ಎರಡು ವರ್ಷದ ಹಿಂದೆ ಗಡಿಯಲ್ಲಿ ಅವನಿದ್ದ ಗಾಡಿಯ ಕೆಳಗೆ ಸ್ಫೋಟವಾಯಿತು. ಮಂಜು ಊರಿಗೆ ಪೆಟ್ಟಿಗೆಯಲ್ಲಿ ಬಂದ.

ನನ್ನ ಹೆಗಲ ಮೇಲೆ ಕೂತು ಸಂತೇಬೆನ್ನೂರಿನ ಹೊಂಡ ನೋಡಿದ ಹುಡುಗ ಅವನು.

ಊರವರು ಮಂಜುವಿನ ಪ್ರತಿಮೆ ಮಾಡಿಸಲು ಒಂದು ಸಮಿತಿ ಕಟ್ಟಿದರು. ನನ್ನನ್ನು ಗೌರವಾಧ್ಯಕ್ಷ ಮಾಡಿದರು. (ಸೋದರಮಾವ ಅನ್ನುವುದಕ್ಕಿಂತ ಎಂಜಿನಿಯರ್ ಅನ್ನುವುದೇ ಮುಖ್ಯ ಅರ್ಹತೆ.) ಪ್ರತಿಮೆ ಬಂತು. ಆಳೆತ್ತರ, ಕೈಯಲ್ಲಿ ಬಂದೂಕು, ಎದೆಯುಬ್ಬಿಸಿ ನಿಂತ ಭಂಗಿ. ಮಂಜುವಿಗೆ ಮೀಸೆಯೇ ಇರಲಿಲ್ಲ, ಪ್ರತಿಮೆಗೆ ಹುರಿ ಮೀಸೆ. 'ಯೋಧ ಅಂದ್ಮೇಲೆ ಮೀಸೆ ಇರ್ಬೇಕಲ್ರೀ' ಅಂತ ಅರ್ಧ ಸಮಿತಿ, 'ಇದು ನಮ್ಮ ಮಂಜುನೇ ಅಲ್ಲ' ಅಂತ ಇನ್ನರ್ಧ. ಕೊನೆಗೆ ಮೀಸೆ ಉಳಿಯಿತು.

ಪ್ರತಿಮೆಯನ್ನು ಊರ ಸರ್ಕಲ್ಲಿನಲ್ಲಿ ನಿಲ್ಲಿಸಿ ನೀಲಿ ಪ್ಲಾಸ್ಟಿಕ್ ಹಾಳೆ ಸುತ್ತಿ ಇಟ್ಟರು. ಅಕ್ಕ ಹೂಂ ಅಂದರೆ ಅನಾವರಣ. ಅಕ್ಕ ಹೂಂ ಅನ್ನಲಿಲ್ಲ, ಬೇಡ ಅಂತಲೂ ಅನ್ನಲಿಲ್ಲ. ಯಾರು ಕೇಳಿದರೂ ಒಂದೇ ಮಾತು, 'ನೋಡಾನ ತಗಳ್ರಿ.' ಮಳೆಗಾಲ ಹೋಯಿತು, ಬೇಸಿಗೆ ಬಂತು, ನೀಲಿ ಹಾಳೆ ಬಿಸಿಲಿಗೆ ಬೆಳ್ಳಗಾಯಿತು. ಸಮಿತಿಯವರು ನನ್ನ ಮೇಲೆ ಬಿದ್ದರು. ನಿಮ್ಮಕ್ಕನ್ನ ನೀವೇ ಒಪ್ಪಿಸ್ರಿ ಅಂದರು.

ಅದಕ್ಕೇ ಅಕ್ಕನನ್ನು ಕರೆದುಕೊಂಡು ಹೋಗಿದ್ದು. ಲೋಕದ ಜನ ತಮ್ಮವರನ್ನು ಎಷ್ಟು ದೊಡ್ಡದಾಗಿ ನೆನೆಯುತ್ತಾರೆ ನೋಡಿದರೆ ಮನಸ್ಸು ಕರಗೀತು ಅನ್ನುವುದು ನನ್ನ ಲೆಕ್ಕಾಚಾರ. ಒಳ್ಳೆಯ ಲೆಕ್ಕಾಚಾರ ಅಂತಲೇ ಅಂದುಕೊಂಡಿದ್ದೆ.

ಅಲ್ಲಿ ನಮಗೆ ಸಿಕ್ಕ ಗೈಡ್ ಹೆಸರು ಮೀರಾ. ನಲವತ್ತರ ಹೆಂಗಸು. ಅವಳದೇ ಕಾರು, ಅವಳದೇ ಡ್ರೈವಿಂಗು, ನಾವಿಬ್ಬರೇ ಗಿರಾಕಿಗಳು. ಇಂಗ್ಲಿಷ್ ನಿಧಾನ, ನನ್ನದರಷ್ಟೇ. ಹೆಸರು ಕೇಳಿ ಅಕ್ಕನಿಗೆ ಅರ್ಧ ನೆಂಟಸ್ತಿಕೆ ಬಂತು. ಮೊದಲ ದಿನವೇ ಚಟ್ನಿಪುಡಿ ಹಚ್ಚಿದ ರೊಟ್ಟಿ ಕೈಗಿಟ್ಟಳು. ಮೀರಾ ಕಣ್ಣಲ್ಲಿ ನೀರು ಸುರಿಸುತ್ತಲೇ ಪೂರ್ತಿ ತಿಂದಳು.

ಮೊದಲ ಸ್ಮಾರಕ ಬೆಟ್ಟದ ಮೇಲೆ ಎರಡು ರೆಕ್ಕೆ ಬಿಚ್ಚಿ ನಿಂತಿತ್ತು. ನಾನು ಬಾಯಿ ಬಿಟ್ಟುಕೊಂಡು ನೋಡಿದೆ. ಅಕ್ಕ ಒಂದು ಸುತ್ತು ಬಂದು, 'ಚಂದ ಐತೆ' ಅಂದು ಕಾರಿನಲ್ಲಿ ಹೋಗಿ ಕೂತಳು. ಮುಂದಿನದಕ್ಕೂ ಅದೇ ಚಂದ ಐತೆ, ಅದೇ ಕಾರು. ಆದರೆ ಕಾರಿನಲ್ಲಿ ಒಂದು ಪ್ರಶ್ನೆ ಕೇಳಿದಳು.

'ಇವಕ್ಕೆ ಮುಖ ಯಾಕಿಲ್ಲ ಅಂತ ಕೇಳೋ.'

ಕೇಳಿದೆ. ಮೀರಾ ಕಾರಿನ ವೇಗ ಕಡಿಮೆ ಮಾಡಿದಳು. ಸತ್ತವರಲ್ಲಿ ಎಲ್ಲ ಧರ್ಮದವರೂ ಇದ್ದರು, ಕೊಂದವರಲ್ಲಿ ಅಕ್ಕಪಕ್ಕದ ಊರಿನವರೂ ಇದ್ದರು ಅಂದಳು. ಒಂದು ಮುಖ ಕೆತ್ತಿದರೆ ಪಕ್ಕದ ಊರಿನವರು ನಮ್ಮ ಮುಖ ಎಲ್ಲಿ ಅಂತ ಕೇಳುತ್ತಾರೆ. ಒಂದು ಧರ್ಮದ ಗುರುತು ಇಟ್ಟರೆ ಇನ್ನೊಂದು ಧರ್ಮದವರು ಬರುವುದಿಲ್ಲ. ಅದಕ್ಕೇ ಯಾರ ಮುಖವೂ ಬೇಡ ಅಂತ ಮಾಡಿದರಂತೆ. 'ಆದರೂ ತೊಂಬತ್ತರ ದಶಕದಲ್ಲಿ ನಾವು ಮತ್ತೆ ಹೊಡೆದಾಡಿದೆವು' ಅಂತ ಸೇರಿಸಿದಳು.

ಅಕ್ಕ ನನ್ನ ಕಡೆ ತಿರುಗಿ, 'ನಾವು ಒಂದು ಮೀಸೆಗೇ ಹೊಡೆದಾಡಿದ್ವಲ್ಲೋ' ಅಂದಳು.

ಮರುದಿನದ್ದೇ ಆ ವಿಭೂತಿಯ ಸ್ಮಾರಕ. ಇದು ಮಿಕ್ಕವುಗಳಂತೆ ಎತ್ತರವಿರಲಿಲ್ಲ. ಕೆಳಗೆ ಅಗಲ, ಮೇಲೆ ಹೋಗುತ್ತಾ ಸಣ್ಣ, ತುದಿ ದುಂಡಗೆ. ನನಗೆ ಕಂಡದ್ದು ಒಳ್ಳೆಯ ಶಟರಿಂಗ್ ಕೆಲಸ, ಅಂದರೆ ಕಾಂಕ್ರೀಟ್ ಸುರಿಯುವ ಅಚ್ಚಿನ ಕೆಲಸ. ಅಕ್ಕ ಕಾರಿಳಿದವಳು ನಿಂತಲ್ಲೇ ನಿಂತಳು. ಚಪ್ಪಲಿ ಬಿಟ್ಟಳು. ಸೆರಗು ಹೊದ್ದು ಹತ್ತಿರ ಹೋದಳು. ಪರ್ಸಿನಿಂದ ವಿಭೂತಿ ಗಟ್ಟಿ ತೆಗೆದು, ಬಾಟಲಿಯ ನೀರಿನಲ್ಲಿ ಬೆರಳು ಅದ್ದಿ, ಮೂರು ಎಳೆ ಎಳೆದಳು. ಆಗಲೇ ಮೀರಾ ಓಡಿ ಬಂದದ್ದು.

ಪಾಪ, ಅವಳದೂ ತಪ್ಪಿಲ್ಲ. ಈ ಸ್ಮಾರಕಗಳ ಮೇಲೆ ಪುಂಡರು ಪೇಂಟ್ ಹೊಡೆದು ಬೈಗುಳ ಬರೆಯುತ್ತಾರಂತೆ. ಊರವರ ಜೊತೆ ಅವಳೂ ಬ್ರಷ್ ಹಿಡಿದು ಉಜ್ಜಿದ್ದಾಳಂತೆ. ಅಕ್ಕ ಹಚ್ಚಿದ್ದನ್ನೂ ಹಾಗೇ ತಿಳಿದಳು.

'ಏನು ಬರೆದಳು ಕೇಳು' ಅಂದಳು ನನಗೆ.

'ಬರೆದಿಲ್ಲ, ಪೂಜೆ' ಅಂದೆ.

'ಯಾರಿಗೆ?'

ನಾನು ಅಕ್ಕನ ಮುಖ ನೋಡಿದೆ. ಅಕ್ಕ ಅಲ್ಲೇ ಕೂತುಬಿಟ್ಟಿದ್ದಳು.

'ಇವ್ರು ಕೂರಿಸ್ಯಾರೆ ಕಣೋ' ಅಂದಳು. 'ನೋಡು, ಕಾಲು ಮಡಚ್ಕೊಂಡು, ಶಾಲು ಹೊದ್ಕೊಂಡು ಹೆಂಗೆ ಕೂತಾನೆ. ಆಯಮ್ಮಂಗೆ ಹೇಳು, ನಮ್ಮಲ್ಲಿ ಸತ್ತೋರನ್ನ ಮಲಗಿಸಲ್ಲ. ಮೈ ತೊಳೆದು, ವಿಭೂತಿ ಹಚ್ಚಿ, ಎಡಗೈಯಾಗೆ ಲಿಂಗ ಇಟ್ಟು, ಕುಣಿಯಾಗೆ ಕೂರಿಸ್ತೀವಿ. ಅಪ್ಪಂಗೂ ಅಂಗೇ ಮಾಡಿದ್ದು, ನಿಮ್ಮ ಭಾವಂಗೂ ಅಂಗೇ ಮಾಡಿದ್ದು.'

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಮೀರಾ ತಲೆಯಾಡಿಸಿದಳು.

'ನನ್ನ ಮಗ ಪೆಟ್ಟಿಗ್ಯಾಗೆ ಬಂದ. ಪೆಟ್ಟಿಗೆ ತೆಗೆಯೋ ಹಂಗಿಲ್ಲ, ನೋಡೋ ಹಂಗಿಲ್ಲ ಅಂದ್ರು. ಪೆಟ್ಟಿಗೆ ಹೆಂಗಿತ್ತೋ ಹಂಗೇ ಇಳಿಸಿದ್ರು. ನಾನೇ ನೋಡಿದೀನಿ. ಅವ್ನು ಮಲಗಿದಾನೆ. ಈಗ ಊರೋರು ಅವನ್ನ ನಿಲ್ಲಿಸಾಕೆ ಹೊಂಟಾರೆ. ಕೂರಿಸೋರು ಯಾರೂ ಇಲ್ಲ.'

ಇದನ್ನು ನಾನು ಇಂಗ್ಲಿಷಿಗೆ ತಿರುಗಿಸಬೇಕಿತ್ತು. ಎರಡು ವರ್ಷ ಅಕ್ಕ ಯಾರಿಗೂ ಹೇಳದ ಮಾತನ್ನು ನಾನು ಪರದೇಶದ ಹೆಂಗಸೊಬ್ಬಳಿಗೆ ಅನುವಾದ ಮಾಡುತ್ತಾ ಮೊದಲ ಸಲ ಕೇಳಿಸಿಕೊಳ್ಳುತ್ತಿದ್ದೆ. ಆ ದಿನ ಊರು ತುಂಬ ಜನ. ಧ್ವಜ, ಕುಶಾಲತೋಪು, ಭಾಷಣ, ಮೊಬೈಲ್ ಕ್ಯಾಮೆರಾ. ಮಗನನ್ನು ಹೇಗೆ ಇಳಿಸಿದರು ಅನ್ನುವುದನ್ನು ಅವನ ತಾಯಿ ಒಬ್ಬಳೇ ನೋಡಿದ್ದಳೇ?

ಮೀರಾ ಹುಲ್ಲಿನ ಮೇಲೆ ಅಕ್ಕನ ಪಕ್ಕ ಕೂತಳು. ಅವಳ ತಾಯಿಯ ತಮ್ಮ ತೊಂಬತ್ತರ ದಶಕದ ಯುದ್ಧಕ್ಕೆ ಹೋದವನು ಸಿಗಲೇ ಇಲ್ಲವಂತೆ. ಹೆಣವೂ ಇಲ್ಲ, ಗುಂಡಿಯೂ ಇಲ್ಲ. 'ನಮ್ಮಮ್ಮ ವರ್ಷಕ್ಕೊಮ್ಮೆ ಇಲ್ಲಿಗೆ ಬಂದು ಹೂ ಇಡುತ್ತಾಳೆ. ಇದು ಹಳೆಯ ಯುದ್ಧದವರದು, ಅವನದಲ್ಲ. ಅಮ್ಮನಿಗೂ ಗೊತ್ತು. ಹೋಗಲಿಕ್ಕೆ ಬೇರೆ ಜಾಗ ಇಲ್ಲ.'

ಇದನ್ನು ಕನ್ನಡಕ್ಕೆ ತಂದೆ. ಅಕ್ಕ ಮೀರಾಳ ತಲೆ ಸವರಿದಳು. 'ಈ ವಿಭೂತಿ ಅವನಿಗೂ ಸೇರ್ತು ಅಂತ ಹೇಳು' ಅಂದಳು.

ನಾನು ಕರ್ಚೀಫು ತೆಗೆದು ಪಟ್ಟೆ ಒರೆಸಲು ಹೋದೆ. ಪರದೇಶ, ಯಾಕೆ ಬೇಕು ತಕರಾರು? ಮೀರಾ ಬೇಡ ಅಂತ ಕೈ ಅಡ್ಡ ಹಿಡಿದಳು. ಮಳೆ ಬಂದಾಗ ತಾನೇ ಹೋಗುತ್ತದೆ ಅಂದಳು.

ಊರಿಗೆ ಬಂದ ಮೇಲೆ ಸಮಿತಿಯ ಸಭೆ ಕರೆಸಿದೆ. ಅಕ್ಕ ತಾನೂ ಬರುತ್ತೇನೆಂದಳು. ಸಮಿತಿ ಶುರುವಾದಾಗಿನಿಂದ ಒಂದು ಸಭೆಗೂ ಅವಳು ಬಂದಿರಲಿಲ್ಲ. (ನಾವು ಕರೆದೂ ಇರಲಿಲ್ಲ.)

ನಾನು ವಿಷಯ ಹೇಳಿದೆ. ಅಡಿಕೆ ವ್ಯಾಪಾರಿಯಾದ ಅಧ್ಯಕ್ಷರು ಗಲ್ಲ ಕೆರೆದುಕೊಂಡರು. ಒಳ್ಳೆಯ ಮನುಷ್ಯ. ಮಂಜುವಿನ ಫೋಟೊವನ್ನು ಅಂಗಡಿಯ ಗಲ್ಲಾಪೆಟ್ಟಿಗೆಯ ಮೇಲೆ ಇಟ್ಟುಕೊಂಡವರು.

'ಕೂತ ಸೈನಿಕ ಅಂದ್ರೆ ಹೆಂಗೆ ಸಾರ್? ನೋಡಿದೋರು ಏನಂತಾರೆ? ಸೈನಿಕ ನಿಂತಿರ್ಬೇಕು.'

'ನಿಮ್ಮೂರ ಕೆರೆ ಏರಿ ಮೇಲೆ ವೀರಗಲ್ಲು ಇದೆಯಲ್ಲ, ನೋಡಿದೀರಾ?' ಅಂದೆ. 'ಕೆಳಗಿನ ಸಾಲಲ್ಲಿ ಅವನು ಕಾದಾಡ್ತಾನೆ. ನಡುವಿನ ಸಾಲಲ್ಲಿ ಅವನನ್ನ ಮೇಲಕ್ಕೆ ಕರ್ಕೊಂಡು ಹೋಗ್ತಾರೆ. ಮೇಲಿನ ಸಾಲಲ್ಲಿ ಏನು ಮಾಡ್ತಿದಾನೆ?'

ಅಧ್ಯಕ್ಷರು ಗಲ್ಲದಿಂದ ಕೈ ತೆಗೆದರು. 'ಲಿಂಗದ ಮುಂದೆ ಕೂತಾನೆ' ಅಂದರು.

ಆಗ ಅಕ್ಕ ಬಾಯಿ ಬಿಟ್ಟಳು.

'ಮೂರ್ತಿ ಬ್ಯಾಡ ಅನ್ನಾಕೆ ನಾನು ಬಂದಿಲ್ಲ. ಪ್ರೀತಿಯಿಂದ ಮಾಡ್ಸೀರಿ. ಊರಿಗೆ ಬೇಕು ಅಂದ್ರೆ ಸರ್ಕಲ್ಲಾಗೆ ನಿಲ್ಲಿಸ್ಕಳ್ರಿ, ಮೀಸೇನೂ ಇರ್ಲಿ. ನನ್ನ ಮಗನ್ನ ನನಗೆ ಕೂರಿಸಿ ಕೊಡ್ರಿ.'

ಅಧ್ಯಕ್ಷರು ಟವೆಲ್ ತೆಗೆದು ಮುಖ ಒರೆಸಿಕೊಂಡರು. ಊರಿನ ಅಯ್ಯನವರು, ಅಂದರೆ ನಮ್ಮ ಸಾವು ಮದುವೆಗಳಿಗೆಲ್ಲ ಪೂಜೆ ಮಾಡಿಸುವವರು, ಮೂಲೆಯಿಂದ ನಿಧಾನವಾಗಿ ಹೇಳಿದರು: 'ಇಳಿಸಿದ್ದನ್ನ ಮತ್ತೆ ತೆಗೆಯೋದು ಬ್ಯಾಡ. ಅದರ ಮೇಲೆ ಗದ್ದುಗೆ ಕಟ್ರಿ. ಅಲ್ಲಿ ಅವನ ಹೆಸರಲ್ಲಿ ಲಿಂಗ ಇಟ್ಟು, ಅವತ್ತು ಮಾಡಬೇಕಾಗಿದ್ದ ಪೂಜೆ ಎಲ್ಲಾನೂ ನಾನು ಮಾಡಿಸ್ತೀನಿ. ಗದ್ದುಗೆ ಅಂದ್ರೇ ಕೂತಾನೆ ಅಂತ ಅಲ್ವೇನ್ರವ್ವಾ?'

ಅಕ್ಕ ಹೂಂ ಅಂದಳು. ಎರಡು ವರ್ಷದಲ್ಲಿ ಅವಳ ಬಾಯಿಂದ ನಾನು ಕೇಳಿದ ಮೊದಲ ಹೂಂ ಅದು. ನನಗೆ ತಡೆಯಲಾಗಲಿಲ್ಲ, ಎದ್ದು ಹೊರಗೆ ಹೋಗಿ ನಿಂತೆ.

ಗದ್ದುಗೆಯ ಡ್ರಾಯಿಂಗ್ ನನ್ನದೇ. ಕೆಳಗೆ ಅಗಲ, ಮೇಲೆ ಸಣ್ಣ. ಮುಖವಿಲ್ಲ, ಬಂದೂಕಿಲ್ಲ. ಅಳತೆಗಳನ್ನೆಲ್ಲ ಅಚ್ಚುಕಟ್ಟಾಗಿ ಗುರುತು ಮಾಡಿ, ಮೊನ್ನೆ ಅಕ್ಕನ ಮುಂದೆ ಹರಡಿದೆ. ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದಳು. ಗದ್ದುಗೆಯ ಸುತ್ತ ನಾನು ಕಬ್ಬಿಣದ ಬೇಲಿ ಹಾಕಿದ್ದೆ. ದನಕರು ನುಗ್ಗಬಾರದಲ್ಲ.

ಅಕ್ಕ ಆ ಬೇಲಿಯ ಮೇಲೆ ಬೆರಳಿಟ್ಟಳು. 'ಇದನ್ನ ಸ್ವಲ್ಪ ಹಿಂದಕ್ಕೆ ತಳ್ಳು. ನಾನು ಅವನ ಎದುರಿಗೆ ಕೂರಾಕೆ ಜಾಗ ಬೇಕಲ್ಲೋ.'

ನಾನು ಓದಿದ ಎಂಜಿನಿಯರಿಂಗಿನಲ್ಲಿ ಒಬ್ಬ ಮನುಷ್ಯ ನಿಲ್ಲಲು, ನಡೆಯಲು, ಮಲಗಲು ಎಷ್ಟು ಜಾಗ ಬೇಕು ಅನ್ನುವುದೆಲ್ಲ ಇದೆ. ಸತ್ತ ಮಗನ ಎದುರು ತಾಯಿ ಕೂರಲು ಎಷ್ಟು ಬೇಕು ಅನ್ನುವುದನ್ನು ಯಾರನ್ನು ಕೇಳಲಿ?