ತವರಿಗೆ ಬಂದವಳಲ್ಲ

ಚಟ್ನಿಪುಡಿಗೆ ಗುರೆಳ್ಳು ಹುರಿಯುವಾಗ ಕೊನೆಯ ಕ್ಷಣದಲ್ಲಿ ವಾಸನೆ ಬದಲಾಗುತ್ತದೆ. ಅಲ್ಲಿಯವರೆಗೆ ಎಣ್ಣೆಯ ಘಮ, ಆಮೇಲೆ ಒಮ್ಮೆಲೇ ಸುಟ್ಟ ಕಾಗದದಂಥ ಕಹಿ. ಕಳೆದ ವಾರ ಸಂಜೆ ಎದುರಿನ ಫ್ಲ್ಯಾಟಿನಿಂದ ಆ ಕಹಿ ತೇಲಿ ಬಂತು. ಹಿಂದೆಯೇ, ಎಷ್ಟೋ ವರ್ಷಗಳ ಆಚೆಯಿಂದ, "ಇಳಸ್ರೆವ್ವಾ, ಹೊತ್ತತು" ಎಂದು ಅಮ್ಮನನ್ನು ಎಚ್ಚರಿಸುತ್ತಿದ್ದ ಅಕ್ಕನ ದನಿ...

ನಾನು ಶಾಲೆಗೆ ಹೋಗುತ್ತಿದ್ದಾಗ ನಾವಿದ್ದ ಪುಣೆಯ ಚಾಳಿನಲ್ಲಿ, ನಾನು ಅಕ್ಕ ಎಂದು ಕರೆಯುತ್ತಿದ್ದವಳ ಮನೆ ನಮ್ಮ ಪಕ್ಕದ್ದು. ಅವಳ ಅಪ್ಪ ಸರಕಾರಿ ಶಾಲೆಯೊಂದರಲ್ಲಿ ಶಿಪಾಯಿಯಾಗಿದ್ದರು. ಗೇಟು ತೆರೆಯುವುದು, ಗಂಟೆ ಹೊಡೆಯುವುದು, ನೀರು ತುಂಬುವುದು ಅವರ ಕೆಲಸ. ಅಕ್ಕನನ್ನು ಹತ್ತಿರದ ಊರಾದ ಭೋರ್‌ಗೆ ಕೊಟ್ಟಿದ್ದರು. ಗಂಡ ಬೇರೆ ಸಂಸಾರ ಹೂಡಿದ ಮೇಲೆ ಅವಳು ಟ್ರಂಕಿನೊಂದಿಗೆ ತಿರುಗಿ ಬಂದಳು. ಕೆಳಗಿನ ಮನೆಯ ಕಾಕು ದಿನಾ ಕೇಳುತ್ತಿದ್ದರು, "ಎಷ್ಟ ದಿನಕ್ಕ ಬಂದೀಯವಾ?"

"ನೀವು ನಳದ ಮುಂದ ಜಗಳಾ ಬಿಟ್ಟ ದಿನಾ ಹೋಗ್ತೀನ್ರಿ, ಕಾಕು."

ಅಕ್ಕನ ಅಪ್ಪ ನೌಕರಿಯಲ್ಲಿರುವಾಗಲೇ ತೀರಿಕೊಂಡರು. ಮನೆಯಲ್ಲಿ ಉಳಿದವರು ಕಣ್ಣು ಮಂಜಾದ ತಾಯಿ ಮತ್ತು ಅಕ್ಕ. ಅನುಕಂಪದ ಆಧಾರದ ಮೇಲೆ ಅವಳಿಗೆ ಅಪ್ಪನ ಕೆಲಸ ಸಿಕ್ಕರೆ ಬಾಡಿಗೆ ಕಟ್ಟಿ ಪುಣೆಯಲ್ಲಿ ಇರಬಹುದು, ಇಲ್ಲದಿದ್ದರೆ ಯಾರದೋ ಊರಿನಲ್ಲಿ ಯಾರದೋ ಪಡಸಾಲೆ. ಅರ್ಜಿಯನ್ನು ಅಕ್ಕನೇ ಮರಾಠಿಯಲ್ಲಿ ಬರೆದಳು. ತನ್ನ ಮನಸ್ಸಿನ ಕನ್ನಡವನ್ನು ಹಾಗೇ ತಿರುಗಿಸಿ, 'ಮೀ ಮಾಹೇರೀ ಆಲೇ ಆಹೇ' ಎಂದಳು. ತವರಿಗೆ ಬಂದಿದ್ದೇನೆ. ದೀಪಾವಳಿಗೆ, ಬಾಣಂತನಕ್ಕೆ ಬಂದ ಹೆಣ್ಣುಮಕ್ಕಳು ಹೇಳುವ ಮಾತು ಅದು. ಕಚೇರಿಯವರು ಅದನ್ನೇ ಹಿಡಿದುಕೊಂಡರು. ಲಗ್ನವಾದ ಮಗಳು ಅಪ್ಪನ ಕುಟುಂಬದವಳಲ್ಲ, ತಾನು ತವರಿಗೆ ಬಂದವಳೆಂದು ಅರ್ಜಿದಾರಳೇ ಒಪ್ಪಿದ್ದಾಳೆ. ಅರ್ಜಿ ತಿರಸ್ಕೃತ.

"ನೋಡು," ಅಂದಳು ಅಕ್ಕ ನನ್ನ ಜಡೆ ಹೆಣೆಯುತ್ತ, "ಬರೇ ಒಂದು 'ಆಲೇ', ಒಂದು 'ಬಂದೆ', ನನ್ನ ಮನೀ ಬಿಟ್ಟು ಓಡಿಸ್ತು."

ಕೋರ್ಟಿಗೆ ಹೋದದ್ದು ಆಮೇಲೆ. ಅವಳು ಹೊಲಿಗೆ ಹಾಕುತ್ತ, ಹಬ್ಬದ ಮನೆಗಳಿಗೆ ಹೋಳಿಗೆ ತಟ್ಟುತ್ತ ದಿನ ದೂಡಿದಳು. ನಾನು ಪ್ರೈಮರಿ ಮುಗಿಸಿ ಹೈಸ್ಕೂಲಿಗೆ ಬಂದೆ. ಕೊನೆಗೆ ಕೋರ್ಟು ಹೇಳಿತು: ಲಗ್ನವೊಂದನ್ನೇ ಕಾರಣವಾಗಿಸಿ ಬೇಡವೆನ್ನುವಂತಿಲ್ಲ, ತಾಯಿಯನ್ನು ಸಾಕುತ್ತಿರುವವರು ಯಾರೆಂದು ಕಚೇರಿ ಮತ್ತೆ ವಿಚಾರಿಸಲಿ.

ವಿಚಾರಣೆಯ ಹಿಂದಿನ ದಿನ ಮೆಟ್ಟಿಲ ಮೇಲೆ ನಮ್ಮ ತಾಲೀಮು ನಡೆಯಿತು.

"ನೀ ಸಾಹೇಬ ಆಗು. ನಗಬ್ಯಾಡ. ಸಾಹೇಬರು ನಗೂದಿಲ್ಲ."

ನಾನು ಗಂಟಲು ಗಡಸು ಮಾಡಿ ಕೇಳಿದೆ, "ಕಧೀ ಆಲಾತ?" ಯಾವಾಗ ಬಂದಿರಿ?

ಅಕ್ಕ ಗಂಡನ ಕಥೆ ಶುರುಮಾಡಿದಳು. ಭೋರ್, ಟ್ರಂಕು, ಅತ್ತೆ... ನಾನು ತಡೆದೆ. ಮತ್ತೆ ಕೇಳಿದೆ. ಮತ್ತೆ ಭೋರ್. ಒಳಗಿನಿಂದ ತಾಯಿ ಕೂಗಿದರು, "ಭೋರ್ ಸಾಕವಾ. ನನಗ ಗಂಜಿ ಕುಡಿಸಿದವಳು ಯಾರು, ಅದನ್ನ ಹೇಳು."

ಮರುದಿನ ಸಾಹೇಬರು ಅದೇ ಪ್ರಶ್ನೆ ಕೇಳಿದರಂತೆ. ಅಕ್ಕ ಸಂಜೆ ಇಡೀ ಚಾಳಿಗೆ ಅಭಿನಯಿಸಿ ತೋರಿಸಿದಳು, ಸಾಹೇಬರು ಕನ್ನಡಕ ಇಳಿಸಿದ್ದನ್ನೂ ಸೇರಿಸಿ.

"ನಾ ಅಂದೆ, 'ಆಲೇ ನಾಹೀ, ಸಾಹೇಬ. ಇಥೇಚ ಆಹೇ.' ಬಂದಿಲ್ರಿ, ಇಲ್ಲೇ ಅದೀನಿ."

ಕೆಳಗಿನ ಕಾಕು ತಮ್ಮ ಮನೆಗೆ ಇಳಿದು ಹೋದರು. ಆಮೇಲೆ ಸಕ್ಕರೆ ತಂದುಕೊಟ್ಟರು.

ಪುಣೆಯ ಅಂಚಿನ ಹಡಪಸರದ ಶಾಲೆಯೊಂದರಲ್ಲಿ ಅಕ್ಕನಿಗೆ ಕೆಲಸ ಸಿಕ್ಕಿತು. ಮೊದಲ ದಿನ ಎಷ್ಟು ಜೋರಾಗಿ ಗಂಟೆ ಹೊಡೆದಳೆಂದರೆ ಹೆಡ್‌ಮಾಸ್ತರರು ಓಡಿ ಬಂದು, ಎಲ್ಲಿ ಬೆಂಕಿ ಎಂದು ಕೇಳಿದರಂತೆ. ತಾಯಿ ಆ ಗಂಟೆಯ ಕಥೆಯನ್ನು ಸಾಯುವವರೆಗೂ ಹೇಳಿಸಿಕೊಂಡು ನಗುತ್ತಿದ್ದರು. ಮುಂದೆ ನಾನು ಓದು, ನೌಕರಿ, ಬೇರೆ ಮನೆ ಎಂದು ದೂರವಾದೆ. ಹಬ್ಬಕ್ಕೆ ಹೋದಾಗ ಅಕ್ಕ ಬಾಗಿಲಲ್ಲಿ ನಿಂತು ನನ್ನ ಜಡೆ ಹಿಡಿದು ತೂಗಿ ನೋಡುತ್ತಿದ್ದಳು. "ತೆಳ್ಳಗಾತು," ಎನ್ನುತ್ತಿದ್ದಳು. ಅಷ್ಟೇ ಮಾತು.

ಗುರೆಳ್ಳಿನ ಕಹಿ ತೇಲಿ ಬಂದ ಆ ಸಂಜೆ ಅಮ್ಮನಿಗೆ ಫೋನ್ ಮಾಡಿ ಅಕ್ಕ ಹೇಗಿದ್ದಾಳೆಂದು ಕೇಳಿದೆ.

"ಆಕಿ ಹ್ವಾದ ತಿಂಗಳ ಹೋದಳವಾ. ಎದಿ ಹಿಡೀತು. ನಿನಗ ಹ್ಯಾಂಗ ಹೇಳೂದು ಅಂತ..."

ನಾನು ಅಮ್ಮನ ಮೇಲೆ ಸಿಟ್ಟಾಗಲಿಲ್ಲ. ಫೋನಿನಲ್ಲಿ ಅಳುವುದು ನನಗೆ ಬರುವುದಿಲ್ಲ ಎಂದು ಅವರಿಗೆ ಗೊತ್ತು.

ಮರುದಿನ ಬೆಳಿಗ್ಗೆ ಆಫೀಸಿನ ಬಸ್ಸನ್ನು ಬಿಟ್ಟು ಹಡಪಸರದ ಆ ಶಾಲೆಗೆ ಹೋದೆ. ಗೇಟು ಅರ್ಧವೇ ತೆರೆದಿತ್ತು. ಮಕ್ಕಳು ಚೀಲ ಒತ್ತಿಕೊಂಡು ಒಬ್ಬೊಬ್ಬರಾಗಿ ನುಸುಳುತ್ತಿದ್ದರು. ಶಿಕ್ಷಕಿಯೊಬ್ಬರು ಮರಾಠಿಯಲ್ಲಿ ಯಾರು ಬೇಕೆಂದು ಕೇಳಿದರು. ನಾನು ಅಕ್ಕನ ಹೆಸರು ಹೇಳಿದೆ. ಅವರ ಮುಖ ಮೃದುವಾಯಿತು.

"ಮನೆಯವರಾ? ಆ ಜಾಗ ಇನ್ನೂ ಖಾಲಿ ಇದೆ. ಮಗಳೋ ಮಗನೋ ಅರ್ಜಿ ಹಿಡಿದು ಬರಬಹುದು ಎಂದುಕೊಂಡಿದ್ದೆವು. ಯಾರೂ ಬರಲಿಲ್ಲ."

"ಅವರಿಗೆ ಮಕ್ಕಳಿರಲಿಲ್ಲ. ನಾನು ಪಕ್ಕದ ಮನೆಯವಳು," ಎಂದೆ.

ಶಿಕ್ಷಕಿ ಒಳಗೆ ಹೋದರು. ನಾನು ಗೇಟಿನ ಇನ್ನೊಂದು ಬಾಗಿಲನ್ನು ಎಳೆದು ಕೊಕ್ಕೆಗೆ ಸಿಕ್ಕಿಸಿದೆ. ಕೊನೆಯ ಮಗು ಒಳಗೆ ಹೋಗುವವರೆಗೂ ಅಲ್ಲೇ ನಿಂತಿದ್ದೆ.