ನಾಲ್ಕೂಕಾಲರ ಬಸ್ಸು

ಬೀದಿಯವರಿಗೆಲ್ಲ ಅವಳು ವಾಚಕ್ಕ. ಮನೆಯ ಕೆಳಗೇ ಅಂಗಡಿ, ಅಂಗಡಿಯ ಅಗಲ ಒಬ್ಬ ಮನುಷ್ಯ ಕೈ ಚಾಚಿದಷ್ಟು. ಒಳಗೊಂದು ಮೇಜು, ಬಗ್ಗಿಸಿದ ದೀಪ, ಕಣ್ಣಿಗೆ ಸಿಕ್ಕಿಸಿಕೊಳ್ಳುವ ಭೂತಗನ್ನಡಿ, ಗೋಡೆಯ ಮೇಲೆ ಒಂದಕ್ಕೊಂದು ತಾಳಮೇಳವಿಲ್ಲದೆ ಟಿಕ್‌ಟಿಕ್ ಎನ್ನುವ ಹದಿನೇಳು ಗಡಿಯಾರ. ಮಾತು ಕಮ್ಮಿ. ಗಿರಾಕಿ ತನ್ನ ವಾಚಿನ ಪುರಾಣ ಬಿಚ್ಚಿದರೆ ಅವಳು ವಾಚಿನ ಹಿಂಬದಿ ಬಿಚ್ಚುತ್ತಿದ್ದಳು, ಅಷ್ಟೇ.

ಕೆಲಸಕ್ಕೆ ಅವಳದೇ ಒಂದು ಕ್ರಮವಿತ್ತು. ಎಂಥ ಸಣ್ಣ ರೋಗಕ್ಕೂ ವಾಚನ್ನು ಪೂರ್ತಿ ಬಿಚ್ಚಬೇಕು. ಬಿಚ್ಚಿದ ಪ್ರತಿ ಚಕ್ರ, ಪ್ರತಿ ಮುಳ್ಳು, ಪ್ರತಿ ತಿರುಪು ಒಂದೊಂದು ಪುಟ್ಟ ಡಬ್ಬಿಗೆ ಹೋಗಬೇಕು, ಡಬ್ಬಿಯ ಮೇಲೆ ಅದರ ಹೆಸರಿನ ಚೀಟಿ. ಚೀಟಿ ಬಿತ್ತೆಂದರೆ ಒಳಗೆ ಸಾಮಾನು ಇದೆ ಎಂದೇ ಅರ್ಥ. ಖಾಲಿ ಡಬ್ಬಿಗೆ ಚೀಟಿ ಅಂಟಿಸಿದ ದಿನ ಅವಳ ಜೀವಮಾನದಲ್ಲೇ ಇಲ್ಲ. ಆಮೇಲೆ ಬೋಳು ಮಷೀನನ್ನು ಮಾತ್ರ ಓಡಿಸಿ ನೋಡಬೇಕು. ಅದು ಸರಿಯಾಗಿ ಓಡಿತೋ, ಆಗ ಡಬ್ಬಿಯಿಂದ ಒಂದೊಂದೇ ತೆಗೆದು ಮೈತುಂಬಿಸಬೇಕು. ಇಪ್ಪತ್ತೆರಡು ವರ್ಷದಲ್ಲಿ ಈ ಕ್ರಮ ಅವಳಿಗೆ ಒಮ್ಮೆಯೂ ಕೈಕೊಟ್ಟಿರಲಿಲ್ಲ. ಕೈಕೊಡುವುದಕ್ಕೆ ಅದು ಒಂದು ಭಾನುವಾರವನ್ನು ಕಾದುಕೊಂಡಿತ್ತು.

ಮೇಲಿನ ಮನೆಯಲ್ಲಿ ಅವಳ ಅಪ್ಪ. ಮೂವತ್ತೊಂದು ವರ್ಷ ಬಸ್ಸು ಓಡಿಸಿ, ಒಂದು ಸಲವೂ ಯಾರಿಗೂ ತಾಗಿಸದೆ ನಿವೃತ್ತನಾದವನು. ಈಗ ಅವನ ತಲೆಯಿಂದ ಒಬ್ಬೊಬ್ಬರೇ ಇಳಿದು ಹೋಗುತ್ತಿದ್ದರು. ಮೊದಲು ನೆರೆಯವರು, ಆಮೇಲೆ ತಮ್ಮಂದಿರು, ಆಮೇಲೆ ತೀರಿಹೋದ ಹೆಂಡತಿ. ಎರಡು ವರ್ಷದ ಹಿಂದೆ ಮಗಳೂ ಇಳಿದಳು. ಊಟ ಬಡಿಸುವವಳನ್ನು ಅವನು ಮೇಡಂ ಎಂದು ಕರೆಯತೊಡಗಿದ. "ಟಿಕೆಟ್ ತಗೊಂಡ್ರಾ ಮೇಡಂ?" ಎಂದು ಒಮ್ಮೊಮ್ಮೆ ಕೇಳುತ್ತಿದ್ದ. ಅವಳು "ತಗೊಂಡೆ" ಎನ್ನುತ್ತಿದ್ದಳು. ಇಲ್ಲ ಎಂದರೆ ಎಲ್ಲಿ ಇಳಿಸಿಬಿಡುತ್ತಾನೋ ಎಂಬ ಭಯ ಅವಳಿಗೆ ನಿಜವಾಗಿಯೂ ಇತ್ತು.

ಆದರೆ ಬಸ್ಸು ಓಡಿಸುವುದು ಮಾತ್ರ ಅವನ ಕೈಯಲ್ಲಿ ಉಳಿದಿತ್ತು. ಅದಕ್ಕೆ ದಾರಿ ಮಾಡಿದವನು ಅವನ ಹಳೆಯ ಕಂಡಕ್ಟರು, ಅವಳ ಬಾಯಲ್ಲಿ ಕಂಡಕ್ಟರ್ ಮಾಮ. ಕಂಪ್ಯೂಟರಿನಲ್ಲಿ ಬಸ್ಸು ಓಡಿಸುವ ಆಟವೊಂದಿದೆ. ಅದನ್ನು ಮಾಡಿದ ಕಂಪನಿ ಕೊಡುವುದು ಯಾವುದೋ ಊರು, ಯಾವುದೋ ಬಸ್ಸು. ಆಡುವವರು ತಮಗೆ ಬೇಕಾದ ರಸ್ತೆ, ಮರ, ಜನ, ಸದ್ದು ಎಲ್ಲವನ್ನೂ ತಾವೇ ಮಾಡಿ ಅದರೊಳಗೆ ಸೇರಿಸಬಹುದು. ಅಂಥ ಒಂದೊಂದು ತುಣುಕಿಗೂ ಮಾಡ್ ಎನ್ನುತ್ತಾರೆ. ಕಂಡಕ್ಟರ್ ಮಾಮ ನಿವೃತ್ತಿಯಾದ ಮೇಲೆ ನಾಲ್ಕು ವರ್ಷ ಕೂತು, ತಾವಿಬ್ಬರೂ ಓಡಿಸಿದ ರೂಟನ್ನು ಮೊದಲ ಸ್ಟಾಪಿನಿಂದ ಕೊನೆಯ ಸ್ಟಾಪಿನವರೆಗೆ ಕಟ್ಟಿದ್ದ. ಹುಣಿಸೆಮರದ ತಿರುವು ಹಾಗೇ. ಸೋಡಾ ಅಂಗಡಿಯ ಒಡೆದ ಬೋರ್ಡು ಹಾಗೇ. ಸೀಟಿ ಊದಿ "ರೈಟ್" ಎನ್ನುವ ದನಿಯೂ ಅವನದೇ. ಅದೆಲ್ಲವನ್ನೂ ತಾನೇ ತಂದು ಈ ಕಂಪ್ಯೂಟರಿಗೆ ತುಂಬಿಸಿ, ಮೇಜಿಗೆ ಆಟದ ಸ್ಟೇರಿಂಗು ಬಿಗಿದು, "ಡ್ರೈವರಣ್ಣಾ, ಹತ್ತು" ಎಂದಿದ್ದ.

ಅಂದಿನಿಂದ ಅಪ್ಪ ಮಧ್ಯಾಹ್ನ ಮೂರಕ್ಕೆ ಸರಿಯಾಗಿ ಡ್ಯೂಟಿಗೆ ಹತ್ತುತ್ತಿದ್ದ. ನಾಲ್ಕೂಕಾಲಕ್ಕೆ ಶಾಲೆಯ ಸ್ಟಾಪು. ಅಲ್ಲಿ ಕೆಂಪು ಚೀಲದ ಒಬ್ಬಳು ಹುಡುಗಿಯನ್ನು ಕಂಡಕ್ಟರ್ ಮಾಮ ನಿಲ್ಲಿಸಿದ್ದ, ಎರಡು ಜಡೆ, ಒಂದು ಬಿಚ್ಚಿಹೋದದ್ದು. ಅಪ್ಪ ಮುಂಬಾಗಿಲು ತೆರೆದು ಬಗ್ಗಿ ಕೂಗುತ್ತಿದ್ದ: "ಗಿಲಕೀ, ಬಾ. ಮುಂದೆ ಕೂತ್ಕೋ. ಇಂಜಿನ್ ಮೇಲೆ ಕಾಲಿಡ್ಬೇಡ, ಸುಡತ್ತೆ."

ಗಿಲಕಿ ಅಂದರೆ ಅವಳೇ. ಚಿಕ್ಕವಳಿದ್ದಾಗ ವಾಚಕ್ಕನ ಬಾಯಿ ಒಂದು ಗಳಿಗೆ ಸುಮ್ಮನಿರುತ್ತಿರಲಿಲ್ಲ ಎಂದರೆ ಈಗ ಯಾರು ನಂಬುತ್ತಾರೆ! ಆ ಹೆಸರಿನಿಂದ ಅವಳನ್ನು ಕರೆಯುವವನು ಭೂಮಿಯ ಮೇಲೆ ಒಬ್ಬನೇ, ಅದೂ ದಿನಕ್ಕೆ ಒಂದೇ ಸಲ. ಅದಕ್ಕೆಂದೇ ಅವಳು ಗಿರಾಕಿಯನ್ನು ಅರ್ಧಕ್ಕೆ ಬಿಟ್ಟು, ನಾಲ್ಕೂ ಹತ್ತಕ್ಕೆ ಟೀ ಲೋಟ ಹಿಡಿದು ಮೇಲೆ ಹೋಗಿ ಅವನ ಕುರ್ಚಿಯ ಪಕ್ಕ ನಿಲ್ಲುತ್ತಿದ್ದಳು. ಹುಡುಗಿ ಬಸ್ಸು ಹತ್ತಿದ ಮೇಲೆ ಅಪ್ಪ ತಲೆ ತಿರುಗಿಸಿ ಇವಳನ್ನು ನೋಡುತ್ತಿದ್ದ. ಕಣ್ಣು ತಿಳಿಯಾಗುತ್ತಿತ್ತು. "ಯಾವಾಗ ಬಂದ್ಯೇ? ಊಟ ಆಯ್ತಾ?" ಎನ್ನುತ್ತಿದ್ದ. ಒಂದು ಹತ್ತು ನಿಮಿಷ. ಅಷ್ಟು ಹೊತ್ತು ಅವಳಿಗೆ ಅಪ್ಪ ಇರುತ್ತಿದ್ದ. ಮುಂದಿನ ಸಿಗ್ನಲ್ಲು ದಾಟಿದ ಮೇಲೆ ಮತ್ತೆ ಮೇಡಂ.

ಹೀಗಿರುವಾಗ ಕಂಪನಿಯವರು ಆಟವನ್ನು ಸುಧಾರಿಸಿದರು. ಯಾರು ಕೇಳಿದ್ದರೋ! ಒಂದು ಬೆಳಿಗ್ಗೆ ಅದು ತನ್ನಷ್ಟಕ್ಕೆ ತಾನೇ ಹೊಸದಾಗಿ ಕೂತಿತ್ತು. ಮೂರು ಗಂಟೆಗೆ ಅಪ್ಪ ಹತ್ತಿದರೆ ಬಸ್ಸಿಗೆ ಬಾಗಿಲಿಲ್ಲ, ಚಕ್ರ ಒಂದು ಕಡೆ, ಪ್ರಯಾಣಿಕರು ಸೊಂಟದವರೆಗೆ ರಸ್ತೆಯಲ್ಲಿ ಹೂತು ನಿಂತಿದ್ದರು. ಶಾಲೆಯ ಹುಡುಗಿ ಮರದ ಎತ್ತರದಲ್ಲಿ ಗಾಳಿಯಲ್ಲಿದ್ದಳು. ಅಪ್ಪ ಸ್ಟೇರಿಂಗು ಬಿಟ್ಟು ಎದ್ದು, "ಆ ಮಗೂನ ಇಳಿಸ್ರೀ ಯಾರಾದ್ರೂ!" ಎಂದು ಕಿರುಚಿದ. ಅವನನ್ನು ಸಮಾಧಾನ ಮಾಡುವಷ್ಟರಲ್ಲಿ ವಾಚಕ್ಕನಿಗೆ ಸಾಕುಸಾಕಾಯಿತು.

ಎದುರಿನ ಅಂಗಡಿಯ ಕಂಪ್ಯೂಟರ್ ರಿಪೇರಿಯವನು ಬಂದು ನೋಡಿದ. ತಲೆ ಕೆರೆದುಕೊಂಡ.

"ಎಲ್ಲ ಇದೆ ವಾಚಕ್ಕ, ಏನೂ ಹೋಗಿಲ್ಲ. ಕ್ರಮ ತಪ್ಪಿದೆ ಅಷ್ಟೇ. ನಿಮ್ಮ ಮಾಮ ಎಲ್ಲಾನೂ ಆಟದ ಫೋಲ್ಡರಿಗೇ ನೇರವಾಗಿ ಸುರಿದಿದ್ದಾರೆ. ಮಾಡ್ ಮ್ಯಾನೇಜರ್ ಅಂತ ಒಂದು ಬರತ್ತೆ, ಅದನ್ನ ಹಾಕಿ. ಯಾವುದು ಮೊದಲು, ಯಾವುದು ಆಮೇಲೆ ಅಂತ ಅದೇ ಸಾಲಾಗಿ ನಿಲ್ಸತ್ತೆ. ನಾಡಿದ್ದು ಬಂದು ಹಾಕಿಕೊಡ್ತೀನಿ."

"ನಾಡಿದ್ದಾ?" ಎಂದಳು ವಾಚಕ್ಕ. ನಾಡಿದ್ದಿಗೆ ಎರಡು ನಾಲ್ಕೂಕಾಲು ಕಳೆದುಹೋಗುತ್ತಿತ್ತು. "ನಾನೇ ಹಾಕ್ತೀನಿ ಬಿಡಿ. ಬಿಚ್ಚಿ ಜೋಡಿಸೋದು ತಾನೇ?"

ಮರುದಿನ ಭಾನುವಾರ, ಅಪ್ಪ ಮಲಗಿದ್ದಾಗ ಕೂತಳು. ಮ್ಯಾನೇಜರನ್ನು ಇಳಿಸಿಕೊಂಡಳು, ಆಟ ಎಲ್ಲಿದೆ ಎಂದು ಅದು ಕೇಳಿದ್ದಕ್ಕೆ ತೋರಿಸಿದಳು. ಅದು ಒಳಗೆಲ್ಲ ಕಣ್ಣಾಡಿಸಿ ಒಂದು ಪಟ್ಟಿ ಕೊಟ್ಟಿತು. ಇಪ್ಪತ್ತಮೂರು ಸಾಲು. ಕಂಡಕ್ಟರ್ ಮಾಮನೇ ಇಟ್ಟ ಹೆಸರುಗಳು: ನಮ್ಮ ರೂಟು, ಹುಣಿಸೆ ತಿರುವು, ನನ್ನ ಸೀಟಿ, ಡ್ರೈವರಣ್ಣನ ಹಾರನ್ನು, ಸ್ಕೂಲ್ ಸ್ಟಾಪು ಮತ್ತು ಗಿಲಕಿ. ಪ್ರತಿ ಹೆಸರಿನ ಮುಂದೆ ಪುಟ್ಟ ಚೌಕ, ಚೌಕದಲ್ಲಿ ಹಸಿರು ಗುರುತು. ಅವಳಿಗೆ ಖುಷಿಯೇ ಆಯಿತು. ಇದು ತನ್ನ ಮೇಜಿನ ಹಾಗೇ ಇದೆಯಲ್ಲ! ಇಪ್ಪತ್ತಮೂರು ಡಬ್ಬಿ, ಇಪ್ಪತ್ತಮೂರು ಚೀಟಿ. ಬಿಚ್ಚುವ ಕೆಲಸ ಮುಗಿಯಿತು. ಇನ್ನು ಬೋಳು ಮಷೀನು ಓಡುತ್ತದೋ ನೋಡಬೇಕು.

ಹಾಗೆಂದುಕೊಂಡು ಅವಳು ಆಟವನ್ನು ಪೂರ್ತಿ ಅಳಿಸಿ ಹೊಸದಾಗಿ ಹಾಕಿದಳು. "ಈ ಫೋಲ್ಡರಿನಲ್ಲಿರುವುದೆಲ್ಲ ಹೋಗುತ್ತದೆ, ಮುಂದುವರಿಯಲೇ?" ಎಂದು ಕಂಪ್ಯೂಟರು ಕೇಳಿದಾಗ ನಗುತ್ತಲೇ ಹೂಂ ಎಂದು ಒತ್ತಿದಳು. ಹೋಗಲಿ, ಸಾಮಾನೆಲ್ಲ ಡಬ್ಬಿಯಲ್ಲಿದೆಯಲ್ಲ.

ಡಬ್ಬಿಯಲ್ಲಿ ಏನೂ ಇರಲಿಲ್ಲ. ಆ ಮ್ಯಾನೇಜರು ಮಾಡಿದ್ದು ಹೆಸರು ಬರೆದುಕೊಂಡದ್ದು ಮಾತ್ರ. ಸಾಮಾನು ಇದ್ದದ್ದು ಆಟದ ಫೋಲ್ಡರಿನಲ್ಲೇ. ಅವಳ ಕಸುಬಿನಲ್ಲಿ ಹೆಸರು ಬರೆಯುವುದೂ ಎತ್ತಿಡುವುದೂ ಒಂದೇ ಕೆಲಸ, ಇಲ್ಲಿ ಅವೆರಡು ಬೇರೆ ಎಂದು ಅವಳಿಗೆ ಹೇಳುವವರು ಯಾರಿದ್ದರು? ಬೋಳು ಆಟ ಚೆನ್ನಾಗಿಯೇ ಓಡಿತು. ಮೈತುಂಬಿಸೋಣವೆಂದು ಪಟ್ಟಿಗೆ ಬಂದರೆ ಹೆಸರುಗಳೆಲ್ಲ ಬೂದಿ ಬಣ್ಣಕ್ಕೆ ತಿರುಗಿದ್ದವು. ಒಂದೊಂದರ ಪಕ್ಕದಲ್ಲೂ ಅದೇ ಮಾತು: ಫೈಲು ಸಿಗುತ್ತಿಲ್ಲ. ಇಪ್ಪತ್ತಮೂರನ್ನೂ ಒತ್ತಿ ನೋಡಿದಳು. ಮೇಲಿನಿಂದ ಒತ್ತಿದಳು, ಕೆಳಗಿನಿಂದ ಒತ್ತಿದಳು.

ರಿಪೇರಿಯವನು ಭಾನುವಾರವೆಂದೂ ನೋಡದೆ ಓಡಿ ಬಂದ. ಅಳಿಸಿದ್ದನ್ನು ಹುಡುಕುವ ಸಾಧನವೆಲ್ಲ ಹಾಕಿ ಸಂಜೆಯವರೆಗೆ ಜಾಲಾಡಿದ.

"ಹೊಸ ಆಟ ಅದೇ ಜಾಗದ ಮೇಲೆ ಕೂತುಬಿಟ್ಟಿದೆ ಅಕ್ಕ," ಎಂದ, ತಲೆ ಎತ್ತದೆ. "ಎರಡು ಸಿಕ್ತು. ಹಾರನ್ನು, ಮತ್ತೆ ಬಸ್ಸಿನ ಬಣ್ಣ."

"ಸ್ಕೂಲ್ ಸ್ಟಾಪು?"

ಅವನು ತನ್ನ ಚೀಲ ಕಟ್ಟತೊಡಗಿದ.

ಕಂಡಕ್ಟರ್ ಮಾಮ ಈಗ ಬೇರೆ ಊರಿನಲ್ಲಿ ಮಗಳ ಮನೆಯಲ್ಲಿದ್ದ. ಅವನಿಗೆ ಫೋನು ಮಾಡಿದಳು. ಆಗಿದ್ದನ್ನೆಲ್ಲ ಹೇಳಿದಳು.

"ಅಯ್ಯೋ, ನಿಮ್ಮ ಮನೇಲಿ ಭದ್ರವಾಗಿದೆಯಲ್ಲ ಅಂತ ನಾನು ನನ್ನದನ್ನ ಅಳಿಸಿಬಿಟ್ಟೆ ಕಣಮ್ಮ. ಮೊಮ್ಮಗಳ ಓದಿಗೆ ಕಂಪ್ಯೂಟರು ಬೇಕಾಗಿತ್ತು."

"ಇನ್ನೊಂದು ಸಲ ಮಾಡೋಕೆ ಆಗಲ್ವಾ ಮಾಮ? ಪೂರ್ತಿ ಬೇಡ. ಆ ಒಂದು ಸ್ಟಾಪು ಸಾಕು."

"ನನ್ನ ಕಣ್ಣು ಹೋಗಿದೆ ಮಗಳೇ. ಫೋನಿನಲ್ಲಿ ನಿನ್ನ ಹೆಸರು ಓದಿ ಹೇಳಿದ್ದೂ ನನ್ನ ಮಗಳೇ," ಎಂದ. ಆಮೇಲೆ ಅವನೇ ಅತ್ತುಬಿಟ್ಟ, ಅವಳೇ ಸಮಾಧಾನ ಮಾಡಬೇಕಾಯಿತು.

ಅವಳು ಸುಮ್ಮನೆ ಕೂರುವವಳಲ್ಲ. ರಸ್ತೆ ಕಟ್ಟುವ ಸಾಧನ ಇಳಿಸಿಕೊಂಡು ಬೆಳಿಗ್ಗೆ ಅಂಗಡಿ ತೆರೆಯುವ ಮುಂಚೆ ಕಲಿಯತೊಡಗಿದಳು. ಅದು ಕೇಳುವ ಪ್ರಶ್ನೆಗಳಿಗೆ ತಲೆಬುಡ ಇರಲಿಲ್ಲ. ಒಂಬತ್ತು ದಿನ ಹೆಣಗಿ, ಬಯಲಲ್ಲಿ ಒಂದು ಸ್ಟಾಪಿನ ಕಂಬ ನೆಟ್ಟಳು. ಅದೂ ಸ್ವಲ್ಪ ವಾಲಿಕೊಂಡು. ಅಲ್ಲಿಗೆ ರಸ್ತೆಯಿಲ್ಲ, ಬಸ್ಸು ಹೋಗುವಂತಿಲ್ಲ. ಹುಡುಗಿಯನ್ನು ಮಾಡುವುದಂತೂ ಅವಳ ಕೈಲಿ ಆಗುವ ಮಾತಲ್ಲ. ಹತ್ತನೆಯ ದಿನ ಅವಳು ಕೈಚೆಲ್ಲಿದಳು.

ಅಷ್ಟರಲ್ಲಿ ಅಪ್ಪ ಕಂಪನಿಯವರ ಊರಿನಲ್ಲೇ ಓಡಿಸತೊಡಗಿದ್ದ. ತನ್ನದೇ ಬಣ್ಣದ ಬಸ್ಸು, ತನ್ನದೇ ಹಾರನ್ನು, ರಸ್ತೆ ಮಾತ್ರ ಯಾರದೋ. ಅವನು ಗೊಣಗಲಿಲ್ಲ. "ಬದಲಿ ಡ್ಯೂಟಿ ಹಾಕಿದ್ದಾರೆ ಮೇಡಂ," ಎಂದ, "ನಾಲ್ಕು ದಿನ ಅಷ್ಟೇ." ಗಾಜಿನ ಕಟ್ಟಡಗಳ ನಡುವೆ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ನಿಧಾನವಾಗಿ ಓಡಿಸಿದ. ವಾಚಕ್ಕನಿಗೆ ಒಂದಿಷ್ಟು ಧೈರ್ಯ ಬಂದಂತಾಯಿತು, ನಾಲ್ಕೂಕಾಲು ಆಗುವವರೆಗೆ.

ನಾಲ್ಕೂಕಾಲಕ್ಕೆ ಅಪ್ಪ ಕೈಗಡಿಯಾರ ನೋಡಿಕೊಂಡ. ಅವಳೇ ಪ್ರತಿ ವರ್ಷ ಬಿಚ್ಚಿ ತೊಳೆದು ಕಟ್ಟುವ ವಾಚು, ಒಂದು ಸೆಕೆಂಡೂ ಹಿಂದೆಮುಂದೆ ಆಗದು. ಅವನು ಕಿಟಕಿಯ ಆಚೆ ನೋಡಿದ, ಮತ್ತೆ ವಾಚು ನೋಡಿದ. ಹಣೆಯಲ್ಲಿ ಬೆವರು. "ಸ್ಕೂಲು ಬಿಟ್ಟಿರತ್ತೆ," ಎಂದ. "ನನ್ನ ಮಗಳು ಸ್ಟಾಪಲ್ಲಿ ನಿಂತಿರ್ತಾಳೆ." ಅಂದು, ಮರುದಿನ, ಅದರ ಮರುದಿನ, ದಿನಾ ಅದೇ ಹೊತ್ತಿಗೆ ಅದೇ ಒದ್ದಾಟ. ಏಳು ಗಂಟೆಯಾದರೂ ಅವನು ಸ್ಟೇರಿಂಗು ಬಿಟ್ಟು ಇಳಿಯುತ್ತಿರಲಿಲ್ಲ.

ಕೊನೆಗೆ ಅವಳು ತನ್ನ ಕಸುಬಿಗೇ ದ್ರೋಹ ಮಾಡಿದಳು. ಅವನು ಸ್ನಾನಕ್ಕೆ ಹೋದಾಗ ವಾಚನ್ನು ಎರಡು ಗಂಟೆಗೆ ನಿಲ್ಲಿಸಿಬಿಟ್ಟಳು. ನಾಲ್ಕೂಕಾಲು ಬರದಿದ್ದರೆ ಭಯವೂ ಬರದು ಎಂಬ ಲೆಕ್ಕ. ಅಪ್ಪ ಅದನ್ನು ಕಿವಿಗೆ ಹಿಡಿದು ಅಲುಗಾಡಿಸಿ, ಅವಳ ಕೈಗೇ ಕೊಟ್ಟ. "ನಿಂತುಹೋಗಿದೆ. ಕೆಳಗೆ ಯಾರೋ ಹೆಂಗಸು ಚೆನ್ನಾಗಿ ರಿಪೇರಿ ಮಾಡ್ತಾರಂತೆ. ಸ್ವಲ್ಪ ಕೊಟ್ಟು ಬರ್ತೀರಾ ಮೇಡಂ? ಮಗಳನ್ನ ಹತ್ತಿಸ್ಕೊಳ್ಳೋ ಹೊತ್ತು ತಪ್ಪಬಾರದು." ಅವಳು ಕೆಳಗಿಳಿದು, ಅಂಗಡಿಯಲ್ಲಿ ವಾಚನ್ನು ಓಡಿಸಿ ತಂದುಕೊಟ್ಟಳು.

ಅಂದೂ ನಾಲ್ಕೂಕಾಲು ಆಯಿತು. ಅಪ್ಪ ಬಸ್ಸನ್ನು ಯಾವುದೋ ಬೀದಿಯ ಅಂಚಿಗೆ ನಿಲ್ಲಿಸಿ, ಕುರ್ಚಿಯಲ್ಲಿ ತಿರುಗಿ ಅವಳ ಕೈ ಹಿಡಿದುಕೊಂಡ.

"ಮೇಡಂ, ನೀವು ಆ ಕಡೆ ಇಳಿಯೋರಾ? ಸ್ಕೂಲ್ ಸ್ಟಾಪಲ್ಲಿ ಕೆಂಪು ಚೀಲದ ಹುಡುಗಿ ಇರ್ತಾಳೆ. ನಿಮ್ಮಪ್ಪನಿಗೆ ಬೇರೆ ರೂಟು ಹಾಕಿದ್ದಾರೆ ಅಂತ ಒಂದು ಮಾತು ಹೇಳಿಬಿಡಿ."

"ಅಪ್ಪಾ, ನಾನೇ..." ಎಂದಳು. "ನಾನೇ ಗಿಲಕಿ."

ಅವನು ಅವಳ ನರೆತ ಕೂದಲನ್ನೂ, ಹಣೆಯ ಮೇಲೆ ಸರಿಸಿಟ್ಟ ಭೂತಗನ್ನಡಿಯನ್ನೂ ನೋಡಿದ. ಮರ್ಯಾದಸ್ಥ ಹೆಂಗಸು ಇಂಥ ಹೊತ್ತಿನಲ್ಲಿ ತಮಾಷೆ ಮಾಡಬಾರದು ಎನ್ನುವ ಹಾಗೆ ಸ್ವಲ್ಪ ನೊಂದುಕೊಂಡ.

"ಆಯ್ತು, ಹೇಳ್ತೀನಿ," ಎಂದಳು ಅವಳು. "ನೀವು ಯೋಚನೆ ಮಾಡ್ಬೇಡಿ. ಅವಳೇ ಯಾವುದಾದ್ರೂ ಬಸ್ಸು ಹತ್ತಿ ಮನೆಗೆ ಬರ್ತಾಳೆ."

"ಹತ್ತಲ್ಲ ಮೇಡಂ. ಬೇರೆ ಬಸ್ಸು ಹತ್ತಬೇಡ ಅಂತ ನಾನೇ ಹೇಳಿದ್ದೀನಿ. ನಾನು ಬರೋವರೆಗೂ ಅವಳು ಅಲ್ಲಿಂದ ಕದಲಲ್ಲ."

ಕೆಳಗೆ ಗಿರಾಕಿ ಯಾರೋ ವಾಚಕ್ಕಾ, ವಾಚಕ್ಕಾ ಎಂದು ಎರಡು ಸಲ ಕೂಗಿದರು. ಟೀ ಆರಿಹೋಗಿತ್ತು. ಅವಳು ಅವನ ಕುರ್ಚಿಯ ಪಕ್ಕದಿಂದ ಕದಲಲಿಲ್ಲ.